ಹೊಲಿಗೆ ಬಿಚ್ಚುವ ಕೆಲಸ

ಮತ್ರಾ ಸೂಕಿನ ಹಿಂದಿನ ಓಣಿ, ಲೋಬಾನದ ಅಂಗಡಿ ದಾಟಿ
ಮೂರನೆಯ ಬಾಗಿಲು ನನ್ನದು. ಇಲ್ಲಿ ಹೊಲಿಯುವುದಕ್ಕಿಂತ
ಬಿಚ್ಚುವುದೇ ಹೆಚ್ಚು: ಸೊಂಟ ಸಡಿಲಿಸು, ಕಾಲು ಮೋಟು ಮಾಡು,
ಸತ್ತ ಅಣ್ಣನ ಕೋಟು ತಮ್ಮನ ಹೆಗಲಿಗೆ ಕೂರಿಸು.

ವರ್ಷಕ್ಕೊಮ್ಮೆ ಅದೇ ಪ್ಯಾಂಟು ಹಿಡಿದು ಬರುತ್ತಿದ್ದ
ಲೋಥಾರ್ ಬ್ರೆನ್ನೆಕೆ, ಕಡಲ ನೀರು ಸಿಹಿ ಮಾಡುವ ಕಾರ್ಖಾನೆಯ ಇಂಜಿನಿಯರ್.
ಟೇಪು ಸುತ್ತಿದರೆ ನಗುತ್ತಿದ್ದ: "ಹಂಝಬ್ಬಾ,
ನನ್ನ ಅಜ್ಜಿ ಇದ್ದಿದ್ದರೆ ನಿನ್ನ ಹೊಟ್ಟೆಯ ಮೇಲೆ ಹೊಡೆಯುತ್ತಿದ್ದಳು."

ಹೆಡ್ವಿಗ್ ಅವಳ ಹೆಸರಂತೆ. ಬರ್ಲಿನ್ನಿನ ನೂಲಿನ ಗಿರಣಿ,
ಹೊಗೆ ನುಂಗಿದ ಆಕಾಶ, ನೆಲಮಾಳಿಗೆಯಲ್ಲಿ ಒಂದೇ ಕೋಣೆ,
ಬಿಸಿಲು ಕಾಣದೆ ಬಾಗಿದ ತಂಗಿಯ ಕಾಲು.
ಆಗ ಯಾರೋ ಅಂದರಂತೆ: ಬೆಳಕು, ಗಾಳಿ, ನೀರು,
ಮೂರೂ ಔಷಧಿ, ಡಾಕ್ಟರ ಚೀಟಿ ಬೇಡ.
ಭಾನುವಾರದ ಅಗ್ಗದ ರೈಲು, ಊರಾಚೆಯ ಕೆರೆ,
ದಡದಲ್ಲಿ ಕಳಚಿಟ್ಟ ಬಟ್ಟೆಯ ರಾಶಿ.
ಕಾಲರು ಹೋದ ಮೇಲೆ ಗುಮಾಸ್ತ ಯಾರು,
ಎಣ್ಣೆಮಸಿ ತೊಳೆದ ಮೇಲೆ ಕೂಲಿ ಯಾರು?
ತಣ್ಣೀರಲ್ಲಿ ಎಲ್ಲರೂ ನಡುಗುವವರೇ.
ನಾಚಿಕೆ ಮೈಯಲ್ಲಿಲ್ಲ, ನೋಡುವ ಕಣ್ಣಲ್ಲಿದೆ,
ನೋಡೀ ನೋಡೀ ಅದೂ ಸುಸ್ತಾಗುತ್ತದೆ, ಎನ್ನುತ್ತಿದ್ದಳಂತೆ.

ನನ್ನ ತುಟಿಯಲ್ಲಿ ಗುಂಡುಸೂಜಿ. ಬಾಯಿ ಬಿಡುವಂತಿಲ್ಲ.
ಕಾರ್ಕಳದ ಬಂಡೆಯ ಕೆಳಗೆ ನಮ್ಮ ಮನೆ.
ಮದ್ರಸಕ್ಕೆ ಹೋಗುವಾಗ ತಲೆಯೆತ್ತಿದರೆ
ಮುಗಿಲಿಗೆ ಹೆಗಲು ಕೊಟ್ಟು ನಿಂತ ಗೊಮ್ಮಟ.
"ಉಮ್ಮಾ, ಅವನಿಗೆ ಎಷ್ಟು ಗಜ ಬೇಕು?"
ಬೀಡಿ ಕಟ್ಟುತ್ತಿದ್ದ ಉಮ್ಮ ನೂಲು ಹಲ್ಲಲ್ಲಿ ಕಡಿದು ಅಂದಳು:
"ಅವರು ಅಳತೆ ಕೊಟ್ಟಿಲ್ಲ ಮಗಾ."

ಮರುವರ್ಷ ಇನ್ನೊಂದು ಇಂಚು. ನಗು ಕಡಿಮೆ.
ಮೂವತ್ತಮೂರರಲ್ಲಿ ಕೆರೆಗೆ ಪೊಲೀಸರು ಬಂದರಂತೆ,
ಕೂಲಿಗಳ ಸಂಘಕ್ಕೆ ಬೀಗ. ಅದಕ್ಕಿಂತ ಕೆಟ್ಟದ್ದು ಆಮೇಲೆ:
ಅದೇ ಬಿಸಿಲಿಗೆ ಬೇರೆಯವರು ಬಂದರು, ಬತ್ತಲೆಯೇ,
ಮೂಗು ಅಳೆದರು, ಬುರುಡೆ ಅಳೆದರು,
ಅಳತೆಗೆ ಕೂರದವರನ್ನು ಬೇಲಿಯಾಚೆ ದಬ್ಬಿದರು.
ಚರ್ಮವನ್ನೇ ಸಮವಸ್ತ್ರ ಮಾಡಿದರು.
ನನ್ನ ಟೇಪು ಅವನ ಸೊಂಟದ ಮೇಲೆ ಹಾಗೇ ನಿಂತಿತು.
ನಲವತ್ತೆರಡೂವರೆ, ಎಂದೆ. ಬೇರೇನು ಹೇಳಲಿ.

ಯುದ್ಧ ಮುಗಿದು, ದೇಶ ಎರಡಾಗಿ, ಬಾಲ್ಟಿಕ್ ಕಡಲ ದಡ.
ಸರ್ಕಾರ ಬೇಡವೆಂದಿತು, ಜನ ಕೇಳಲಿಲ್ಲ, ಸರ್ಕಾರವೇ ಸುಮ್ಮನಾಯಿತು.
ಪುಟ್ಟ ಲೋಥಾರ್ ಅಲ್ಲೇ ಈಜು ಕಲಿತ.
ಗೋಡೆ ಕಟ್ಟಿದ ಆ ನಾಡಲ್ಲಿ ಗುರುತಿನ ಚೀಟಿ ಇಡಲು
ಜೇಬಿಲ್ಲದ ಜಾಗ ಅದೊಂದೇ, ಅಂದ.
ಜೇಬು ನನಗಿತ್ತು.
ಪಾಸ್‌ಪೋರ್ಟ್ ಮಾತ್ರ ಅರ್ಬಾಬನ ಬೀರುವಿನಲ್ಲಿ.

ಒಂದೇ ಸಲ ಸೂಜಿ ತೆಗೆದು ಮಾತಾಡಿದೆ:
"ಸಾಹೇಬರೇ, ನಿಮ್ಮ ಅಜ್ಜಿಗೆ ಸೂರ್ಯ ವೈದ್ಯ, ಇಲ್ಲಿ ಮೇಸ್ತ್ರಿ.
ಬೇಸಿಗೆಯ ಹನ್ನೆರಡೂವರೆಗೆ ಕಾನೂನೇ ಬಂದು
ಅವನ ಕೈಯಿಂದ ಹುಡುಗರನ್ನು ಬಿಡಿಸುತ್ತದೆ.
ಕಣ್ಣು ಬಿಟ್ಟು ಮುಖವೆಲ್ಲ ಸುತ್ತಿಕೊಂಡು ಕಂಬಿ ಕಟ್ಟುತ್ತಾರೆ.
ನಿಲುವಂಗಿ ತೊಟ್ಟ ಈ ಊರಿನವರನ್ನು ನೋಡಿ,
ಬಟ್ಟೆಯೊಳಗೇ ಒಂದಿಷ್ಟು ಗಾಳಿ ಸಾಕಿಕೊಂಡಿದ್ದಾರೆ."
ಹೌದೆಂದ. ಬಹಳ ಹೊತ್ತು ನೆಲ ನೋಡಿದ.

ಹಜ್ಜಿಗೆ ಹೊರಟವರು ಬಂದರೆ ನಾನು ಬರೀ ಕತ್ತರಿಸುತ್ತೇನೆ,
ಎರಡು ಬಿಳಿಯ ತುಂಡು, ಹೊಲಿಗೆಯಿಲ್ಲ, ಕೂಲಿಯಿಲ್ಲ.
ಶೇಕನಿಗೂ ಹಮಾಲನಿಗೂ ಒಂದೇ ಥಾನಿನದು.
ಇದನ್ನು ಅವನಿಗೆ ಹೇಳಬೇಕೆಂದಿದ್ದೆ. ಮಾರ್ಚಿನಲ್ಲಿ ಊರಿಗೆ ಹೋಗಿಬಿಟ್ಟ,
ಪ್ಯಾಂಟು ಇಲ್ಲೇ ಮೊಳೆಗೆ ನೇತಾಡುತ್ತಿದೆ.

ಮೊನ್ನೆ ರಾತ್ರಿ ರೂವಿಯ ನಮ್ಮ ಕೋಣೆಯಲ್ಲಿ ಕರೆಂಟು ಹೋಯಿತು.
ಎಂಟು ಜನ ತಾರಸಿ ಹತ್ತಿದೆವು, ಸೊಂಟಕ್ಕೊಂದು ಬೈರಾಸು,
ಸ್ವಲ್ಪ ಹೊತ್ತಿಗೆ ಕೆಲವರಿಗೆ ಅದೂ ಭಾರ.
ಕತ್ತಲೆಯಲ್ಲಿ ಬೆವರಿನ ವಾಸನೆ ಒಂದೇ.
ಯಾರೋ ತಮಾಷೆ ಮಾಡಿದರು, ಯಾರೋ ನಕ್ಕರು,
ನಕ್ಕವರಲ್ಲಿ ಮೇಸ್ತ್ರಿ ಯಾರೆಂದು ತಿಳಿಯಲಿಲ್ಲ.

ದೀಪ ಬಂತು.
ಎಂಟು ಕೈಗಳು ಬೈರಾಸು ತಡಕಿದವು.
ಒಂದು ನನ್ನದು.